ಸ್ವಾಧೀನದ ಕಾಯಿ

ಗೆದ್ದವನ ಕಾರಿನಲ್ಲಿ ಮುಂದೆ ಕೂರಬೇಕೋ ಹಿಂದೆ ಕೂರಬೇಕೋ ಎಂಬುದಕ್ಕೆ ಕೋರ್ಟಿನ ಯಾವ ಸುತ್ತೋಲೆಯೂ ಇರಲಿಲ್ಲ. ಮುಂದೆ ಕೂತರೆ ಊರಿನವರು ಇವನು ಅವನ ಕಡೆಯವನೇ ಅನ್ನುತ್ತಿದ್ದರು, ಹಿಂದೆ ಕೂತರೆ ಏನು ದೊಡ್ಡ ಜಡ್ಜ್ ಸಾಹೇಬ ಅನ್ನುತ್ತಿದ್ದರು. ಬಸ್ಸಿಳಿದು ದಾರಿ ಕೇಳಿಕೊಂಡು ನಡೆದರೆ ಊರ ನಾಯಿಗಳು ಬೊಗಳುವುದಲ್ಲದೆ, ಸೋತವನಿಗೆ ಬಾಗಿಲು ಹಾಕಿಕೊಂಡು ಪರಾರಿಯಾಗಲು ಬೇಕಾದಷ್ಟು ಹೊತ್ತು ಸಿಗುತ್ತಿತ್ತು. ಚಿಕ್ಕನಾಯಕನಹಳ್ಳಿ ಕೋರ್ಟಿನ ಅಮೀನ ತಿಮ್ಮರಾಜು ನೌಕರಿಗೆ ಸೇರಿದ ದಿನದಿಂದ ಈ ಸೀಟಿನ ಪ್ರಶ್ನೆಯನ್ನು ಪ್ರತಿಸಲವೂ ಹೊಸದಾಗಿ ಬಿಡಿಸುತ್ತ ಬಂದಿದ್ದ. ಕೋರ್ಟು ಬಾಯಲ್ಲಿ ಹೇಳಿದ್ದನ್ನು ನೆಲದ ಮೇಲೆ ಮಾಡಿ ತೋರಿಸುವುದು ಅಮೀನನ ಕೆಲಸ. ಜಡ್ಜು ತೀರ್ಪು ಓದಿ ಎದ್ದು ಹೋಗುತ್ತಾರೆ, ವಕೀಲರು ಕೋಟು ಬಿಚ್ಚಿ ಕಾಫಿಗೆ ಹೋಗುತ್ತಾರೆ, ಆಮೇಲೆ ಯಾರದೋ ತೋಟದಲ್ಲಿ ನಿಂತು ಯಾರದೋ ಹೆಂಡತಿಯ ಬೈಗುಳ ತಿನ್ನಲು ಒಬ್ಬ ಮನುಷ್ಯ ಬೇಕಲ್ಲ, ಅದಕ್ಕೆ ಅಮೀನ. ಈವತ್ತು ಅವನು ಹಿಂದೆ ಕೂತ. ಕೂತ ಮೇಲೆ ಮುಂದೆಯೇ ಕೂರಬೇಕಿತ್ತು ಅನ್ನಿಸಿತು. ಕಾರು ಓಡಿಸುತ್ತಿದ್ದವನು ಕೇಸು ಗೆದ್ದ ಜ್ಞಾನೇಶನೇ ಆದ್ದರಿಂದ, ಅವನನ್ನು ಬರೀ ಡ್ರೈವರ್ ಮಾಡಿ ಕೂರಿಸಿದ ಹಾಗಾಗಿತ್ತು.

ಜ್ಞಾನೇಶ ಮಾತಿನ ಮನುಷ್ಯ. ಊರು ದಾಟುವ ಮೊದಲೇ ಶುರು ಮಾಡಿದ. "ಸ್ಟೇಷನ್‌ಗೆ ಅಲ್ದು ಅಲ್ದು ಸಾಕಾಯ್ತು ಸಾರ್. ಡಿಕ್ರಿ ಕಾಪಿ ತೋರ್ಸಿದ್ರೆ, ಇದು ಸಿವಿಲ್ ಮ್ಯಾಟ್ರು, ನಾವು ಕೈ ಹಾಕಂಗಿಲ್ಲ ಅಂತಾರೆ. ತಾಲ್ಲೂಕಾಫೀಸಿಗೋದ್ರೆ ಪಹಣಿ ಬೇಕಾದ್ರೆ ತಿದ್ತೀವಿ, ತೋಟ ಬಿಡ್ಸಿಕೊಡೋದು ನಮ್ ಕೆಲ್ಸ ಅಲ್ಲ ಅಂದ್ರು. ಕೊನೆಗೆ ಪಂಚಾಯ್ತಿ ಮೆಂಬ್ರು, ಕೋರ್ಟೂ ಬ್ಯಾಡ ಕಚೇರಿಯೂ ಬ್ಯಾಡ, ನಾಕ್ ಜನ ಹುಡುಗ್ರನ್ನ ಕಳುಸ್ತೀನಿ ಬುಡು ಅಂದ. ಅಲ್ಲ ಸಾರ್, ಗೆದ್ದ ಮೇಲೂ ಇಷ್ಟು ಅಲೀಬೇಕಾ?"

ಈ ಮಾತನ್ನು ತಿಮ್ಮರಾಜು ಎಷ್ಟೋ ಕಾರುಗಳಲ್ಲಿ, ಆಟೋಗಳಲ್ಲಿ, ಒಂದು ಸಲ ಟ್ರ್ಯಾಕ್ಟರಿನ ಮಡ್‌ಗಾರ್ಡಿನ ಮೇಲೆ ಕೂತು ಕೇಳಿದ್ದ. ಅದಕ್ಕೆ ಅವನ ಉತ್ತರವೂ ಸವೆದು ನುಣ್ಣಗಾಗಿತ್ತು. "ಪೋಲೀಸ್ನೋರು ಅವರಷ್ಟಕ್ಕೆ ಅವ್ರು ಬಂದು ಬಿಡ್ಸಿದ್ರೆ ಅದು ಅವರ್ದೇ ತಪ್ಪಾಗ್ತದೆ. ಬಂದೋಬಸ್ತ್ ಕೊಡಿ ಅಂತ ಕೋರ್ಟು ಹೇಳಿದ್ರೆ ಬಂದು ಪಕ್ಕದಲ್ಲಿ ನಿಂತ್ಕತಾರೆ, ಅಷ್ಟೇಯ. ಡಿಕ್ರಿ ಜಾರಿ ಮಾಡೋದು ಕೋರ್ಟು. ಅದೂ ಗೆದ್ದೋರು ಅರ್ಜಿ ಹಾಕ್ಕಂಡ್ರೆ. ಕೋರ್ಟು ತಾನಾಗಿ ಎದ್ದು ಯಾರ್ ಮನೆಗೂ ಬರಲ್ಲ."

"ಹಾಕ್ಕಳ್ದಲೆ ಸುಮ್ನೆ ಕೂತ್ರೆ?"

"ಹನ್ನೆರಡು ವರ್ಷ ಕಾಯ್ತದೆ. ಆಮೇಲೆ ಹಾಕಿದ್ರೂ ತಗಳಲ್ಲ. ಹೋಯ್ತು."

"ಅಷ್ಟ್ ವರ್ಷ ಸುಮ್ನೆ ಕೂರೋರೂ ಇರ್ತಾರಾ ಸಾರ್!" ಎಂದು ಜ್ಞಾನೇಶ ನಕ್ಕ.

ತಿಮ್ಮರಾಜು ಕಿಟಕಿಯ ಕಡೆ ತಿರುಗಿದ. ಆಷಾಢದ ಗಾಳಿಗೆ ರಸ್ತೆಯ ಎರಡೂ ಕಡೆ ಮರಗಳು ಗರಿಗಳನ್ನೆಲ್ಲ ಒಂದೇ ಪಕ್ಕಕ್ಕೆ ಎಸೆದುಕೊಂಡು ನಿಂತಿದ್ದವು. ಬೆಳಿಗ್ಗೆ ರೊಟ್ಟಿ ತಟ್ಟುತ್ತಿದ್ದ ಪುಷ್ಪಲತಾ ಅವನ ಕಡೆ ನೋಡದೆಯೇ, "ಈ ಶ್ರಾವಣ ಒಂದು ಕಳೀಲಿ ಕಣ್ರೀ, ಆ ಕಡೆ ಸಾಲ್ಗೂ ಡ್ರಿಪ್ ಎಳ್ಸಿಬುಡಾನ," ಅಂದಿದ್ದಳು. ಹೆಂಡತಿ ಕೆಟ್ಟವಳಲ್ಲ. ಗಂಡನ ಅಕ್ಕ ಬಂದರೆ ಹೋಳಿಗೆ ಮಾಡುವವಳು. ಆದರೆ ಶ್ರಾವಣ ಎಂದರೆ ಏನೆಂದು ಅವಳಿಗೂ ಗೊತ್ತಿತ್ತು, ಅವನಿಗೂ ಗೊತ್ತಿತ್ತು, ಗೊತ್ತಿದೆ ಎಂದು ಇಬ್ಬರೂ ಒಬ್ಬರಿಗೊಬ್ಬರು ಹೇಳಿಕೊಂಡಿರಲಿಲ್ಲ. ಅವರಿದ್ದ ಊರು ಹುಣಸೆಕಟ್ಟೆಯಲ್ಲಿ ಅವನ ಅಪ್ಪ ಬಿಟ್ಟುಹೋದ ತೋಟದಲ್ಲಿ ಅರ್ಧ ಪಾಲು ಅವನ ಅಕ್ಕ ರಂಗಕ್ಕನಿಗೆ ಸೇರಬೇಕೆಂದು ಡಿಕ್ರಿ ಆಗಿ ಈ ಶ್ರಾವಣಕ್ಕೆ ಹನ್ನೆರಡು ವರ್ಷ ತುಂಬುತ್ತಿತ್ತು. ಸರ್ವೆಯವರು ಬಂದು ನಕ್ಷೆಯಲ್ಲಿ ಗೆರೆ ಎಳೆದು ಹೋಗಿದ್ದರು. ನೆಲದ ಮೇಲೆ ಆ ಗೆರೆ ಎಲ್ಲೂ ಇರಲಿಲ್ಲ, ಬೇಲಿ ಇಲ್ಲ, ಕಲ್ಲಿಲ್ಲ. ಆದರೆ ತಲೆ ಎತ್ತಿ ನೋಡಿದರೆ ಯಾರಿಗೂ ಕಾಣುತ್ತಿತ್ತು. ಇತ್ತ ಡ್ರಿಪ್ ನೀರು ಕುಡಿದ ಮರಗಳು ತಲೆತುಂಬ ಗರಿ ಹೊತ್ತಿದ್ದರೆ, ಬಾವಿಯಾಚೆಯ ಸಾಲುಗಳು ಕತ್ತು ಸಣ್ಣಗಾಗಿ, ಅಂಗೈಯಗಲದ ಕಾಯಿ ಬಿಟ್ಟುಕೊಂಡು ನಿಂತಿದ್ದವು. ನಾಳೆ ಬೇರೆಯವರ ಪಾಲಾಗುವ ಮರಕ್ಕೆ ಪೈಪು ಎಳೆಸುವುದು ಯಾಕೆ ಎಂದು ಅವನೇ ಬಿಟ್ಟಿದ್ದ. ಹಾಗೆಂದು ಆ ಸಾಲಿನ ಕಾಯಿ ಕೀಳುವುದನ್ನೇನೂ ಬಿಟ್ಟಿರಲಿಲ್ಲ. ಅಕ್ಕನ ಮರಗಳಿಗೆ ನೀರಿಲ್ಲ, ಅಕ್ಕನ ಮರಗಳ ಕಾಯಿ ಮಾತ್ರ ತಮ್ಮನ ಅಟ್ಟದಲ್ಲಿ ಒಣಗಿ ಕೊಬ್ಬರಿಯಾಗಿ ತಿಪಟೂರಿನ ಮಾರ್ಕೆಟ್ಟಿಗೆ ಹೋಗುತ್ತಿತ್ತು.

ಅವನು ಯಾವುದನ್ನೂ ಮುಚ್ಚಿಟ್ಟಿರಲಿಲ್ಲ, ಅದೇ ಅವನ ಸಮಾಧಾನ. ಅರ್ಜಿ ಹಾಕಿಕೊಳ್ಳಬೇಕಾದವಳು ಅವಳು. ಅವಳಿಗೆ ವಕೀಲರಿದ್ದರು, ಆ ವಕೀಲರು ತೀರಿಹೋದರೆ ಅದು ತಿಮ್ಮರಾಜುವಿನ ತಪ್ಪಲ್ಲ. ಸೋತವನು ಗೆದ್ದವಳ ಮನೆಗೆ ಹೋಗಿ, ನೋಡಮ್ಮಾ ವಾಯಿದೆ ಮುಗಿಯುತ್ತಾ ಬಂತು ಎಂದು ನೆನಪಿಸಬೇಕೆಂದು ಯಾವ ಕಾಯಿದೆಯೂ ಹೇಳುವುದಿಲ್ಲ. ಹೀಗೆ ಒಂದೊಂದೇ ಎಣಿಸಿಕೊಂಡು ಬಂದರೆ ಕಾನೂನಿನಲ್ಲಿ ಅವನದು ಎಳ್ಳಷ್ಟೂ ತಪ್ಪಿರಲಿಲ್ಲ. ಆದರೂ ಅಕ್ಕನ ಮನೆಯ ನೀರು ಕುಡಿಯುವಾಗ ಅವನು ಒಂದೇ ಗುಟುಕಿಗೆ ಮುಗಿಸಲು ಹೋಗಿ ಕೆಮ್ಮುತ್ತಿದ್ದ. ನಿಧಾನಕ್ಕೆ ಕುಡಿಯೋ, ಯಾರೂ ಕಿತ್ಕಳಲ್ಲ ಅನ್ನುತ್ತಿದ್ದಳು ಅಕ್ಕ. ಯಾರೂ ಕಿತ್ತುಕೊಳ್ಳಲ್ಲ ಎಂಬ ಮಾತನ್ನು ಅವಳು ಬೇಕೆಂದೇ ಹೇಳುತ್ತಿದ್ದಳೋ ಹೇಗೋ. ಅವಳ ಮಾತುಗಳನ್ನು ಅವನು ಮನೆಗೆ ತಂದು, ರಾತ್ರಿಯೆಲ್ಲ ಮಗುಚಿ ಹಾಕಿ ನೋಡುತ್ತಿದ್ದ.

ಕಾರು ನಿಂತಿತು. ಜ್ಞಾನೇಶ ಗೆದ್ದಿದ್ದ ತೋಟ ದೊಡ್ಡದೇನಲ್ಲ. ಅವನ ಚಿಕ್ಕಪ್ಪ ಲಕ್ಕಯ್ಯ, ಅಣ್ಣ ಸತ್ತ ಮೇಲೆ ಅಣ್ಣನ ಮಗನ ಪಾಲನ್ನೂ ತಾನೇ ಉಳುತ್ತ ಬಂದು, ಕೊನೆಗೆ ಬಿಡುವುದಿಲ್ಲ ಎಂದು ಕೂತಿದ್ದ. ಹೋದ ಸಲ ವಾರಂಟು ತಂದಾಗ ಬಾವಿಗೆ ಬೀಳುತ್ತೇನೆಂದು ಹೆದರಿಸಿ ವಾಪಸು ಕಳಿಸಿದ್ದ. ಈ ಸಲ ಬಾವಿಯ ಕಟ್ಟೆಯ ಮೇಲೆ, ಒಳಗೆ ಕಾಲು ಬಿಡದೆ ಹೊರಕ್ಕೆ ಕಾಲು ಬಿಟ್ಟುಕೊಂಡು ಕೂತಿದ್ದ. ಅಷ್ಟರಲ್ಲೇ ಇವತ್ತು ಗಲಾಟೆ ಆಗುವುದಿಲ್ಲ ಎಂದು ತಿಮ್ಮರಾಜುವಿಗೆ ಗೊತ್ತಾಯಿತು. ಪಕ್ಕದ ತೋಟದ ಇಬ್ಬರು ಪಂಚರಾಗಿ ಬಂದು ನಿಂತರು. ಅವನು ವಾರಂಟನ್ನು ಗಟ್ಟಿಯಾಗಿ ಓದಿದ. ಚೆಕ್ಕುಬಂದಿ ತೋರಿಸಲು ಜ್ಞಾನೇಶ ತೋಟದ ಸುತ್ತ ನಡೆದ, ಹಿಂದೆ ಪಂಚರು, ಅವರ ಹಿಂದೆ ಅಮೀನ. ಒಣಗರಿ ಕಾಲಡಿ ಮುರಿಯುವ ಸದ್ದು ಬಿಟ್ಟರೆ ಬೇರೆ ಸದ್ದಿಲ್ಲ.

ಇನ್ನು ಕಾಯಿ ಕೀಳುವುದೊಂದು ಬಾಕಿ. ಕಾನೂನಿನಲ್ಲಿ ಇದಕ್ಕೆ ಜಾಗವಿಲ್ಲ. ತೆಂಗಿನ ತೋಟ ಸ್ವಾಧೀನಕ್ಕೆ ಕೊಡುವಾಗ ಆ ತೋಟದ ಮರದಿಂದಲೇ ಒಂದು ಕಾಯಿ ಕೀಳಿಸಿ, ಸುಲಿಯದೆ ಮಟ್ಟೆ ಸಮೇತ ಗೆದ್ದವನ ಕೈಗೆ, ಹೆಂಗಸಾದರೆ ಮಡಿಲಿಗೆ, ಅಮೀನ ಇಡುವುದು ಈ ಸೀಮೆಯಲ್ಲಿ ಹಿಂದಿನಿಂದ ನಡೆದುಕೊಂಡು ಬಂದದ್ದು. ಕಾಗದಕ್ಕೆ ಪಂಚರು ಸಹಿ ಹಾಕಿದರೂ ಜನ ನಂಬುವುದಿಲ್ಲ; ಕಾಯಿ ಕೊಟ್ಟರಾ ಎಂದು ಕೇಳುತ್ತಾರೆ. ಕಾಯಿ ಕೊಟ್ಟರು ಎಂದರೆ ಸೋತವನ ಮಕ್ಕಳೂ ಆಮೇಲೆ ಆ ತೋಟಕ್ಕೆ ಕಾಲಿಡುವುದಿಲ್ಲ. ಮೂರು ವರ್ಷದ ಹಿಂದೆ, ತುಮಕೂರು ಗುಬ್ಬಿ ಎಲ್ಲ ಸುತ್ತಿ ಮತ್ತೆ ಈ ಕೋರ್ಟಿಗೇ ವರ್ಗವಾಗಿ ಬಂದ ಹೊಸದರಲ್ಲಿ, ಅವನು ಶೆಟ್ಟಿಕೆರೆಯ ನಿಂಗಮ್ಮ ಎಂಬ ಹೆಂಗಸಿಗೆ ಹಾಗೆ ಮಡಿಲಿಗೆ ಕಾಯಿ ಹಾಕಿದ್ದ. ಸುತ್ತ ನೆರೆದಿದ್ದವರ ಅಂಚಿನಲ್ಲಿ ರಂಗಕ್ಕನೂ ನಿಂತಿದ್ದಳು, ಅವಳನ್ನು ಕೊಟ್ಟದ್ದು ಆ ಊರಿಗೇ. ಪಕ್ಕದವಳಿಗೆ ಅವಳು, ಅವನಿಗೂ ಕೇಳುವ ಹಾಗೆ, "ನಮ್ ತಿಮ್ಮ. ನಮ್ದೂ ಅವನೇ ಮಾಡೋದು," ಅಂದಿದ್ದಳು. ಹತ್ತು ಜನರ ಮುಂದೆ ಇಷ್ಟು ತಣ್ಣಗೆ ಚುಚ್ಚುವುದನ್ನು ಅಕ್ಕ ಎಲ್ಲಿ ಕಲಿತಳು ಎಂದು ಅವತ್ತಿಂದ ಕೊರಗುತ್ತಿದ್ದ.

"ಮರ ಹತ್ತೋನು ಬಂದಿಲ್ಲ ಸಾರ್," ಎಂದ ಜ್ಞಾನೇಶ. "ಫೋನೂ ಎತ್ತಲ್ಲ."

ಪಂಚರಲ್ಲೊಬ್ಬ ಕಾಯಿ ಕೀಳುವ ದೋಟಿ ತರುತ್ತೇನೆಂದು ಹೊರಟ. ಅಷ್ಟರಲ್ಲಿ ಲಕ್ಕಯ್ಯ ಕಟ್ಟೆಯಿಂದ ಇಳಿದ. ಎಲ್ಲರೂ ಒಂದು ಹೆಜ್ಜೆ ಹಿಂದೆ ಸರಿದರು. ಅವನು ಯಾರ ಮುಖವನ್ನೂ ನೋಡದೆ ಪಂಪಿನ ಮನೆಯ ಗೋಡೆಗೆ ಒರಗಿಸಿದ್ದ ತನ್ನ ದೋಟಿಯನ್ನೇ ತಂದು, ಗಿಡ್ಡ ಮರವೊಂದರ ಕೆಳಗೆ ನಿಂತು, ತುದಿಯ ಕೊಕ್ಕೆಯನ್ನು ಗೊನೆಗೆ ಸಿಕ್ಕಿಸಿ ಎಳೆದ. ಕಾಯಿ ದೊಪ್ಪನೆ ಬಿತ್ತು. ಎತ್ತಿ, ಮಣ್ಣನ್ನು ಪಂಚೆಗೆ ಒರೆಸಿ, ಸೀದಾ ಜ್ಞಾನೇಶನ ಮುಂದೆ ಬಂದು ನಿಂತ.

"ಇಡ್ಕಳಪ್ಪ."

"ಇಲ್ಲಿ ಕೊಡಿ ಯಜಮಾನ್ರೇ, ನಾನು ಕೊಡ್ತೀನಿ," ಎಂದು ತಿಮ್ಮರಾಜು ಕೈ ಚಾಚಿದ. ಅದು ಅವನ ಕೆಲಸ.

"ನೀನ್ಯಾಕೆ ಕೊಡ್ತೀಯ? ನಾನು ನೆಟ್ಟ ಮರ. ಸೋತೋನು ತನ್ ಕೈಯಾರೆ ಕೊಡಂಗಿಲ್ಲ ಅಂತ ಎಲ್ಲಾರ ಬರ್ದೈತಾ ಅಮೀನಪ್ಪ?"

ತಿಮ್ಮರಾಜು ಯೋಚಿಸಿದ. "ಬರ್ದಿಲ್ಲ," ಎಂದ.

"ಮತ್ತೆ? ಅಮೀನ ಬಂದು ಕಿತ್ಕಂಡು ಕೊಟ್ಟ ಅಂತಾದ್ರೆ ನಾಳೆ ಇವನ ಮಕ್ಳ ಮುಂದೆ ನಾನು ಹೆಂಗ್ ಓಡಾಡ್ಲಿ? ಮೊದ್ಲೇ ಕೊಡ್ಬೇಕಿತ್ತು. ಹಟ ಬಿದ್ದೆ. ಲಕ್ಕಯ್ಯನೇ ಕೊಟ್ಟ ಅಂತ ಬರ್ಕ."

ಜ್ಞಾನೇಶ ದೇವರ ಮುಂದೆ ಪ್ರಸಾದಕ್ಕೆ ಹಿಡಿದ ಹಾಗೆ ಎರಡೂ ಕೈ ಜೋಡಿಸಿ ಹಿಡಿದ. ಲಕ್ಕಯ್ಯ ಕಾಯಿ ಇಟ್ಟು, ದೋಟಿಯನ್ನು ಅಲ್ಲೇ ಮರಕ್ಕೆ ಒರಗಿಸಿ, ತೋಟದಿಂದಾಚೆಗೆ ನಡೆದುಬಿಟ್ಟ. ದೋಟಿಯನ್ನೂ ಬಿಟ್ಟು ಹೋದನಲ್ಲ ಎಂದು ಪಂಚರು ಮಾತಾಡಿಕೊಂಡರು.

ತಿಮ್ಮರಾಜುವಿಗೆ ಸಿಟ್ಟು ಬಂತು. ಯಾಕೆಂದು ಅವನಿಗೇ ತಿಳಿಯಲಿಲ್ಲ. ಕೆಲಸ ಹೂವೆತ್ತಿದ ಹಾಗೆ ಮುಗಿದಿತ್ತು, ಸಂತೋಷಪಡಬೇಕಿತ್ತು. ಬಾಗಿಲಿಗೆ ಅಡ್ಡ ಮಲಗಿದವರನ್ನು ಅವನು ನೋಡಿದ್ದ, ಸೀಮೆಎಣ್ಣೆ ಡಬ್ಬ ಹಿಡಿದು ನಿಂತವರನ್ನು ನೋಡಿದ್ದ, ತಾಯಿಯನ್ನು ಮುಂದೆ ನೂಕಿ ಹಿಂದೆ ಅವಿತುಕೊಂಡ ಗಂಡಸರನ್ನೂ ನೋಡಿದ್ದ. ಅವರೆಲ್ಲರ ಮುಂದೆ ತಾನು ವಾಸಿ ಎಂದು ಅವನಿಗೆ ಅನ್ನಿಸುತ್ತಿತ್ತು. ಅಕ್ಕನಿಗೆ ನಾನು ಯಾವತ್ತೂ ಅಡ್ಡ ನಿಂತಿಲ್ಲ, ಒಂದು ಕೆಟ್ಟ ಮಾತಾಡಿಲ್ಲ, ಪ್ರತಿ ಗೌರಿ ಹಬ್ಬಕ್ಕೆ ಸೀರೆ ಕುಪ್ಪಸ ಕಾಯಿ ಇಟ್ಟು ಬಾಗಿನ ಕೊಟ್ಟು ಬಂದಿದ್ದೇನೆ. ಈ ಮುದುಕ ದೋಟಿ ಎತ್ತಿ ಆ ಸಮಾಧಾನವನ್ನೂ ಉದುರಿಸಿದ್ದ. ಪಂಪಿನ ಮನೆಯ ಮುಂದಿನ ಕಲ್ಲಿನ ಮೇಲೆ ಕೂತು ಮಹಜರು ಬರೆಯುತ್ತ, ಸೋತವನ ಮೇಲೆ ತನಗೆ ಹೊಟ್ಟೆಕಿಚ್ಚಾಗಿದೆ ಎಂದು ಅವನಿಗೆ ಸ್ಪಷ್ಟವಾಗಿ ಗೊತ್ತಾಯಿತು. ಲಕ್ಕಯ್ಯನೇ ಕೊಟ್ಟ ಎಂದು ಬರೆಯಲಿಲ್ಲ. ಎಂದಿನಂತೆ ಅಮೀನರ ಮುಖಾಂತರ ಎಂದೇ ಬರೆದ.

ಕೋರ್ಟಿನ ಕಾಗದದಲ್ಲಿ ಅವನು ಸುಳ್ಳು ಬರೆಯುವವನಲ್ಲ. ಇದಕ್ಕೆ ಮೊದಲು ಸುಳ್ಳಿಗೆ ಸಹಿ ಹಾಕಿದ್ದು ಒಂದೇ ಸಲ, ಅಕ್ಕನ ಕೇಸಿನಲ್ಲಿ ಕಟಕಟೆಯಲ್ಲಿ ನಿಂತಾಗ. ತಾನು ದಿನಾ ಫೈಲು ಹೊತ್ತು ಓಡಾಡುವ ಕೋರ್ಟು ಹಾಲಿನಲ್ಲೇ, ತನ್ನ ಜೊತೆ ಟೀ ಕುಡಿಯುವ ಗುಮಾಸ್ತನೇ ಪ್ರಮಾಣ ಮಾಡಿಸಿದ. ಅಪ್ಪ ಸಾಯುವ ಹೊತ್ತಿಗೆ ತಲೆದೆಸೆಯಲ್ಲಿ ಕೂತಿದ್ದೆ, ಮಗಳಿಗೆ ಮದುವೆಯಲ್ಲೇ ಎಲ್ಲ ಕೊಟ್ಟಾಗಿದೆ, ತೋಟ ನಿನಗೇ ಎಂದರು ಎಂದು ತಿಮ್ಮರಾಜು ಹೇಳಿದ. ತಲೆದೆಸೆಯಲ್ಲಿ ಕೂತಿದ್ದವಳು ರಂಗಕ್ಕ. ಅವನು ಬಂದಾಗ ಅಪ್ಪನ ಬಾಯಿಗೆ ಬಟ್ಟೆ ಕಟ್ಟಿಯಾಗಿತ್ತು. ಎದುರು ಬೆಂಚಿನಲ್ಲಿ ಕೂತಿದ್ದ ಅವಳು ತಲೆ ಎತ್ತಿ ಒಂದು ಸಲ ನೋಡಿ ಮತ್ತೆ ತಗ್ಗಿಸಿದಳು. ಹೊರಗೆ ಬಂದಾಗ ಅವನು ಕಂಬದ ಮರೆಗೆ ಸರಿದು ನಿಂತಿದ್ದ; ಅವಳು ಸೀದಾ ಅವನ ಹತ್ತಿರವೇ ಬಂದಳು. ಉಗಿಯುತ್ತಾಳೆ ಅಂದುಕೊಂಡ. ಅವಳು ದನಿ ತಗ್ಗಿಸಿ, "ಹೆಂಗಸ್ರು ಹೋಗೋದು ಎಲ್ಲೈತ್ಲಾ? ಬೆಳಿಗ್ಗಿಂದ ಹೋಗಿಲ್ಲ, ಯಾರ್ನ ಕೇಳ್ಲಿ," ಅಂದಳು. ಅಲ್ಲಿ ಅವಳಿಗೆ ಗುರುತಿನವನೆಂದರೆ ಅವನೊಬ್ಬನೇ. ಸ್ಟಾಫಿನ ಪಾಯಿಖಾನೆಗೆ ಕರೆದುಕೊಂಡು ಹೋದ. ಅದರ ಚಿಲಕ ಕಿತ್ತುಹೋಗಿತ್ತು. ಅವಳು ಬರುವವರೆಗೂ ಅವನು ಬಾಗಿಲ ಕಡೆ ಬೆನ್ನು ಹಾಕಿ, ಒಂದು ಕೈ ಹಿಂದಕ್ಕೆ ಚಾಚಿ ಬಾಗಿಲನ್ನು ಎಳೆದು ಹಿಡಿದುಕೊಂಡು, ಹೋಗಿ ಬರುವ ವಕೀಲರಿಗೆ ನಮಸ್ಕಾರ ಮಾಡುತ್ತ ನಿಂತಿದ್ದ. ಜಡ್ಜು ಅವನ ಹೇಳಿಕೆಯನ್ನು ನಂಬಲಿಲ್ಲ. ನಂಬದಿದ್ದದ್ದು ಒಳ್ಳೆಯದಾಯಿತು ಎಂದು ಆ ದಿನವೇ ಅನ್ನಿಸಿತ್ತು, ಅದನ್ನು ಪುಷ್ಪಲತಾಗೆ ಹೇಳಿರಲಿಲ್ಲ.

ವಾಪಸು ಬರುವಾಗ ಅವನು ಮುಂದೆ ಕೂತ. ಕಾಯಿ ಹಿಂದಿನ ಸೀಟಿನ ಕೆಳಗೆ ಉರುಳಾಡುತ್ತಿತ್ತು. ಜ್ಞಾನೇಶ ಹಿಂದಕ್ಕೆ ಒಮ್ಮೆ ತಿರುಗಿ ನೋಡಿ, "ಸಾರ್, ಆ ಕಾಯಿ ನೀವೇ ತಗಂಡೋಗಿ. ಮನೆಗೊಯ್ದ್ರೆ ನಮ್ಮಮ್ಮ ಅಳಕ್ಕೆ ಶುರು ಮಾಡ್ತಾಳೆ. ಚಿಕ್ಕಪ್ಪನೇ ಸಾಕಿದ್ದು ನನ್ನ," ಎಂದ.

"ನಾವು ಏನೂ ತಗಳಂಗಿಲ್ಲಪ್ಪ."

"ಲಂಚ ಅಲ್ಲ ಸಾರ್. ಒಂದ್ ಕಾಯಿ."

ಒಂದು ಕಾಯಿಯೇ ದೊಡ್ಡದು ಎಂದು ತಿಮ್ಮರಾಜು ಹೇಳಲಿಲ್ಲ. ಚಿಕ್ಕನಾಯಕನಹಳ್ಳಿಗೆ ಹೋಗಿ ವಾರಂಟು ಒಪ್ಪಿಸಬೇಕಿತ್ತು. ನಾಳೆ ಒಪ್ಪಿಸಿದರೂ ನಡೆಯುತ್ತಿತ್ತು. ಶೆಟ್ಟಿಕೆರೆ ಬಂದಾಗ, ಇಲ್ಲೇ ನಿಲ್ಲಿಸಪ್ಪ, ಸ್ವಲ್ಪ ಕೆಲಸ ಇದೆ ಎಂದುಬಿಟ್ಟ. ಇಳಿದ ಮೇಲೆ ಜ್ಞಾನೇಶ ಕಿಟಕಿಯಿಂದ ಕಾಯಿಯನ್ನು ಅವನ ಕೈಗೆ ತುರುಕಿ ಹೊರಟುಹೋದ. ಬಸ್ ಸ್ಟ್ಯಾಂಡಿನಲ್ಲಿ ಕೂತಿದ್ದವರು ಕೋರ್ಟಿನ ಚೀಲ, ಮಟ್ಟೆಯ ಕಾಯಿ ಎರಡನ್ನೂ ನೋಡಿದರು. ಯಾರ ತೋಟ ಹೋಯಿತೋ ಎಂದು ಅವರು ಲೆಕ್ಕ ಹಾಕುತ್ತಿದ್ದಾರೆ ಅನ್ನಿಸಿ ಬೇಗ ಬೇಗ ನಡೆದ. ನಡೆಯುತ್ತ ಬಾಯಲ್ಲಿ ಮಾತು ಜೋಡಿಸಿಕೊಂಡ. ಅಕ್ಕ, ಶ್ರಾವಣದೊಳಗೆ ನೀನೊಂದು ಅರ್ಜಿ ಹಾಕಬೇಕು. ಯಾವುದಾದರೂ ವಕೀಲರನ್ನು ನಾನೇ ಹೇಳುತ್ತೇನೆ. ಇಷ್ಟೇ ಮಾತು. ಇಷ್ಟು ಹೇಳಿ ನೀರು ಕುಡಿದು ಎದ್ದು ಬಂದರೆ, ಇನ್ನು ಮಾಡುವುದು ಬಿಡುವುದು ಅವಳಿಗೆ ಸೇರಿದ್ದು. ಪುಷ್ಪಲತಾ ಕೇಳಿದರೆ ಅವಳಿಗೇ ಹೊಳೆಯಿತಂತೆ ಎಂದರಾಯಿತು. ಒಳ್ಳೆಯ ಕೆಲಸ ಮಾಡಲು ಹೊರಟಾಗಲೂ ತಪ್ಪಿಸಿಕೊಳ್ಳುವ ದಾರಿಯನ್ನು ಮೊದಲು ನೋಡಿಟ್ಟುಕೊಳ್ಳುವ ತನ್ನ ಬುದ್ಧಿಗೆ ಅವನಿಗೇ ಅಸಹ್ಯವಾಯಿತು.

ರಸ್ತೆಗೇ ಇದ್ದ ಮನೆಯ ಜಗಲಿಯ ಮೇಲೆ ರಂಗಕ್ಕ ತೆಂಗಿನ ಗರಿ ಸೀಳಿ ಪೊರಕೆಕಡ್ಡಿ ತೆಗೆಯುತ್ತ ಕೂತಿದ್ದಳು. ಗಂಡ ಹೋದ ಮೇಲೆ ಇದೇ ಅವಳ ಕಸುಬು. ಕಂಡವರ ತೋಟದಲ್ಲಿ ಉದುರಿದ ಗರಿ ಹೊತ್ತು ತರುತ್ತಿದ್ದಳು. ತಮ್ಮನನ್ನು ನೋಡಿ ಎಂದಿನ ಹಾಗೆ ಬಾರಪ್ಪ ಅನ್ನಲಿಲ್ಲ. ಮೊದಲು ಚೀಲ ನೋಡಿದಳು, ಆಮೇಲೆ ಕೈಯ ಕಾಯಿ ನೋಡಿದಳು. ಕುಡುಗೋಲು ಕೆಳಗಿಟ್ಟಳು.

"ಬಂದಾ," ಎಂದಳು.

"ಬಂದೆ ಅಕ್ಕ."

ಅವಳು ಅವನ ಹಿಂದೆ ರಸ್ತೆಯ ಕಡೆ ಇಣುಕಿದಳು. "ಒಬ್ನೇ ಬಂದೀಯ? ಪಂಚ್ರು ಬ್ಯಾಡ್ವಾ?"

ಅವನಿಗೆ ಅರ್ಥವಾಗಲಿಲ್ಲ. ಅವಳು ಮಡಿಲಲ್ಲಿದ್ದ ಗರಿಯ ಚೂರುಗಳನ್ನು ಕೊಡವಿ ಎದ್ದು, "ಇರು, ಮೊಖ ತೊಳ್ಕಂಡು ಸೀರೆ ಬದ್ಲಾಯ್ಸಿ ಬತ್ತೀನಿ," ಎಂದಳು.

"ಯಾಕಕ್ಕ?"

"ಹಿಂಗೇ ಗರಿ ಧೂಳಲ್ಲಿ ಈಸ್ಕಳಕ್ಕಾಗ್ತದಾ? ಗೌರಿ ಹಬ್ಬ ಇನ್ನೂ ದೂರ ಐತೆ. ಬಾಗಿನದ ಕಾಯಾದ್ರೆ ಸುಲ್ದು ಜುಟ್ಟು ಬಿಟ್ಟು ತತ್ತಿದ್ದೆ. ಮಟ್ಟೆ ಸಮೇತ ತಂದೀಯಲ್ಲ, ಇದು ಕೋರ್ಟಿಂದು ಅಂತ ನಂಗೆ ಗೊತ್ತಾಗಲ್ವಾ? ನಿಂಗಮ್ಮಂಗೆ ಹಾಕಿದ್ದ ನೋಡಿದ್ನಲ್ಲ ಅವತ್ತು." ಅವಳ ಮುಖದಲ್ಲಿ ಚುಚ್ಚುವ ನಗು ಎಲ್ಲೂ ಇರಲಿಲ್ಲ. "ಅವತ್ತಿಂದ ನೀನು ಬಂದಾಗೆಲ್ಲ ಚೀಲ ನೋಡ್ತಿದ್ದೆ ಕಣ್ಲಾ. ನಾನಾಗಿ ಕೇಳ್ನಿಲ್ಲ. ಸರ್ಕಾರಿ ಕೆಲ್ಸ, ಸರದಿ ಬರ್ಬೇಕಲ್ಲ. ಅಮೀನ ಅವರಕ್ಕಂದು ಮೊದ್ಲು ಮಾಡ್ಕಂಡ ಅಂತ ನಾಳೆ ನಿನ್ನ ಆಡ್ಕಂಡ್ರೆ?"

ತಿಮ್ಮರಾಜು ಜಗಲಿಯ ಮೇಲೆ ಕೂತ. ನಮ್ದೂ ಅವನೇ ಮಾಡೋದು ಎಂದು ಅವಳು ಹೇಳಿದ್ದು ಹೆಮ್ಮೆಯಿಂದ. ಇಷ್ಟು ವರ್ಷ ಅವಳು ಸುಮ್ಮನೆ ಕೂತಿರಲಿಲ್ಲ. ಕೋರ್ಟು ಹೇಳಿಯಾಗಿದೆ, ಅಮೀನ ತನ್ನ ತಮ್ಮನೇ, ಸರದಿ ಬಂದ ದಿನ ಬಂದು ಮಡಿಲಿಗೆ ಕಾಯಿ ಹಾಕುತ್ತಾನೆ ಎಂದು ಕಾಯುತ್ತಿದ್ದಳು. ಅವನು ಅವಳ ವಾಯಿದೆ ತೀರಲಿ ಎಂದು ಕಾಯುತ್ತಿದ್ದ. ಇಬ್ಬರೂ ಒಂದೇ ಜಗಲಿಯ ಮೇಲೆ ಕೂತು, ಗೌರಿ ಹಬ್ಬದ ಹೋಳಿಗೆ ತಿನ್ನುತ್ತ, ಕಾದಿದ್ದರು. ಕೋರ್ಟಿಗೆ ಸರದಿ ಎಂಬುದಿಲ್ಲ, ಕೇಳದವರಿಗೆ ಅದು ಎಂದೂ ಬರುವುದಿಲ್ಲ ಎಂದು ಅವಳಿಗೆ ಯಾರೂ ಹೇಳಿರಲಿಲ್ಲ. ಹೇಳಬಹುದಾಗಿದ್ದವನು ಅವನೊಬ್ಬನೇ. ಅರ್ಜಿ ಬಂದರೂ ಸ್ವಂತ ಅಕ್ಕನ ವಾರಂಟನ್ನು ಅವನ ಕೈಗೆ ಯಾರೂ ಕೊಡುವುದಿಲ್ಲ, ಬೇರೊಬ್ಬ ಅಮೀನ ಬಂದು ಅವನ ಮನೆಯ ಮುಂದೆಯೇ ನಿಲ್ಲುತ್ತಾನೆ ಎಂಬುದೂ ಅವಳಿಗೆ ಗೊತ್ತಿರಲಿಲ್ಲ. ಅವಳು ಸೆರಗನ್ನು ಮುಂದಕ್ಕೆ ತಂದು, ಹಿಡಿಯುವುದು ಹೇಗೆಂದು ಒಂದು ಸಲ ನೋಡಿಕೊಂಡಳು. ಅವಳ ಕೈಬೆರಳುಗಳು ಕಡ್ಡಿ ತೆಗೆದು ತೆಗೆದು ಬಿರುಕು ಬಿಟ್ಟಿದ್ದವು. ಈ ಕಾಯಿಯನ್ನೇ ಹಾಕಿಬಿಟ್ಟರೂ ಅವಳು ನಂಬುತ್ತಾಳೆ, ನಂಬಿ ಇನ್ನಷ್ಟು ವರ್ಷ ಕೂರುತ್ತಾಳೆ ಎಂಬ ಯೋಚನೆ ಬಂದದ್ದೇ ಅವನು ಕಾಯಿಯನ್ನು ಜಗಲಿಯ ಮೇಲಿಟ್ಟ.

"ಇದು ನಿನ್ನ ತೋಟದ್ದಲ್ಲ ಅಕ್ಕ," ಎಂದ.

ನಿನ್ನ ತೋಟ ಎಂಬ ಮಾತು ಅವನ ಬಾಯಿಂದ ಬಂದದ್ದು ಅದೇ ಮೊದಲು. ಅವಳ ಕೈಯಿಂದ ಸೆರಗು ಜಾರಿತು. "ಮತ್ತೆ ಯಾರ್ದು?"

"ಲಕ್ಕಯ್ಯ ಅಂತ ಒಬ್ರು. ಅವ್ರೇ ಕಿತ್ತುಕೊಟ್ರು."

"ಓ." ನಾಚಿಕೊಂಡವಳ ಹಾಗೆ ಮತ್ತೆ ಕುಡುಗೋಲಿಗೆ ಬಗ್ಗಿದಳು. "ಹಂಗಾರೆ ನಮ್ ಸರದಿ ಇನ್ನೂ ಬಂದಿಲ್ಲ ಅನ್ನು."

ಜೋಡಿಸಿಕೊಂಡು ಬಂದ ಮಾತು, ಅರ್ಜಿ, ವಕೀಲರು, ಎಲ್ಲ ನಾಲಿಗೆಯ ಮೇಲಿತ್ತು.

"ಬಂದೈತೆ," ಎಂದ ತಿಮ್ಮರಾಜು. "ನಿಂದು ಮರದಲ್ಲೇ ಐತೆ. ನಡಿ, ಹೋಗಿ ಕೀಳಾನ."

ಅವಳು ಅವನನ್ನು ನೋಡಿದಳು. ಕುಡುಗೋಲನ್ನು ಅಲ್ಲೇ ಇಟ್ಟು ಸೀರೆ ಬದಲಾಯಿಸಲು ಒಳಗೆ ಹೋದಳು. ಅವನು ಜಗಲಿಯಲ್ಲೇ ಕೂತ. ಬರೀ ಕಾಯಿ ಕೊಟ್ಟರೆ ಸಾಲದು, ಬಸ್ಸಿನಲ್ಲಿ ಅರ್ಜಿಯ ವಿಷಯವನ್ನೂ ಹೇಳಬೇಕು. ನಾಳೆ ಬೆಳಿಗ್ಗೆ ನನ್ನ ಮನಸ್ಸು ತಿರುಗಿದರೂ ತಿರುಗೀತು, ನನ್ನ ನಂಬಿಕೊಂಡು ಕೂರಬೇಡ ಎಂದು ಬಾಯಿಬಿಟ್ಟು ಹೇಳಬೇಕು. ತಿಪಟೂರಿನ ಕಡೆ ಹೋಗುವ ಬಸ್ಸೊಂದು ಮನೆ ಮುಂದೆ ನಿಧಾನ ಮಾಡಿತು. ಬಾಗಿಲಲ್ಲಿ ನೇತಾಡುತ್ತಿದ್ದ ಕಂಡಕ್ಟರು ಬರ್ತೀರಾ ಎನ್ನುವಂತೆ ನೋಡಿದ. ಹತ್ತಿದರೆ ಒಬ್ಬನೇ ಊರಿಗೆ ಹೋಗಿಬಿಡಬಹುದಿತ್ತು. ತಿಮ್ಮರಾಜು ಇಲ್ಲ ಎಂದು ತಲೆಯಾಡಿಸಿದ.

ರಂಗಕ್ಕ ಹೋದ ಗೌರಿಗೆ ಅವನೇ ಕೊಟ್ಟ ಸೀರೆ ಉಟ್ಟು ಬಂದು, ಬಾಗಿಲಿಗೆ ಬೀಗ ಹಾಕಿ ಎಳೆದು ನೋಡಿದಳು. ಲಕ್ಕಯ್ಯನ ಕಾಯಿಯನ್ನು ಜಗಲಿಯ ಮೂಲೆಗೆ ಸರಿಸಿ, ಅದರ ಮೇಲೆ ನಾಲ್ಕು ಗರಿ ಮುಚ್ಚಿದಳು.

"ಪುಷ್ಪಲತಂಗೆ ಹೇಳೀಯಾ?"

"ಇಲ್ಲ."

"ಹೇಳ್ಬೇಕು ಕಣಪ್ಪ. ಹೇಳ್ದಲೆ ಕೇಳ್ದಲೆ ಮನೆ ಹೆಣ್ಮಗ್ಳ ಮುಂದೆ ಹೋಗಿ ನಿಂತ್ಕಬಾರ್ದು," ಎಂದು ಅವಳು ರಸ್ತೆಯಂಚಿಗೆ ನಡೆದಳು.

ಅವನು ಫೋನು ತೆಗೆದ. ಬಾಗಿಲಿಗೆ ಅಡ್ಡ ಮಲಗಿದವರ ಮುಂದೆ ವಾರಂಟು ಓದುವುದು ಇದಕ್ಕಿಂತ ಸಲೀಸಾಗಿತ್ತು. ಆ ಕಡೆಯಿಂದ ಪುಷ್ಪಲತಾ, "ಏನ್ರೀ, ಊಟಕ್ಕೆ ಬತ್ತೀರಾ?" ಎಂದಳು.

"ಬತ್ತಾ ಇದೀನಿ. ಅಕ್ಕನ್ನೂ ಕರ್ಕಂಡ್ ಬತ್ತಾ ಇದೀನಿ."

"ಬರ್ಲಿ ಬುಡಿ, ಅದಕ್ಕೇನು. ಏನ್ ವಿಶೇಷ?"

"ಕಾಯಿ ಕೀಳಕ್ಕೆ."

ಫೋನಿನಲ್ಲಿ ಗಾಳಿಯ ಸದ್ದು ಮಾತ್ರ ಕೇಳಿತು. ಅದು ಅವಳ ಕಡೆಯ ಗಾಳಿಯೋ ತನ್ನ ಕಡೆಯದೋ ಗೊತ್ತಾಗಲಿಲ್ಲ. ಪುಷ್ಪಲತಾ, "ಯಾವ ಸಾಲಿಂದು?" ಎಂದು ಕೇಳಿದಳು.

"ಅಕ್ಕನ ಸಾಲಿಂದು," ಎಂದ ತಿಮ್ಮರಾಜು. "ದೋಟಿ ಈಚೆ ತೆಗ್ದಿಡು."

ರಸ್ತೆಯಂಚಿನಲ್ಲಿ ರಂಗಕ್ಕ ಆಗಲೇ ಬರುತ್ತಿದ್ದ ಬಸ್ಸಿಗೆ ಕೈ ಅಡ್ಡ ಹಿಡಿದಿದ್ದಳು.